ನಿಲ್ದಾಣದ ಹೊರಗೆ ನಿಂತ ಗಾಡಿಗಳು

ನಮ್ಮ ಮಾರನಹಳ್ಳಿಗೆ ರೈಲಿನ ಸದ್ದು ಉಂಟು, ರೈಲು ಇಲ್ಲ. ಮಳೆ ಹೊಳವಾದ ರಾತ್ರಿಗಳಲ್ಲಿ, ಹೆದ್ದಾರಿಯ ಲಾರಿಗಳು ಕೊಂಚ ಬಿಡುವು ಕೊಟ್ಟಾಗ, ಕಾಡಿನ ಆಚೆಯಿಂದ ಘಾಟಿ ಹತ್ತುವ ಗಾಡಿಯ ಏದುಸಿರು ಕೇಳಿಸುತ್ತದೆ. ಸಕಲೇಶಪುರವನ್ನು ಬಿಟ್ಟ ಗಾಡಿ ದೋಣಿಗಾಲ್, ಕಡಗರವಳ್ಳಿ, ಎಡಕುಮೇರಿ, ಶಿರಿಬಾಗಿಲುಗಳನ್ನು ದಾಟಿ ಸುಬ್ರಹ್ಮಣ್ಯ ರೋಡಿಗೆ ಇಳಿಯುತ್ತದೆ. ನಡುವಣ ಈ ನಿಲ್ದಾಣಗಳ ಮುಖ್ಯ ಕೆಲಸ ಗಾಡಿಗೆ ಗಾಡಿ ದಾರಿ ಬಿಡುವುದು; ನಮ್ಮಂಥವರು ಚೀಲ ಹಿಡಿದು ನಿಲ್ಲುವ ತಾಣಗಳಲ್ಲ ಅವು. ರೈಲು ಬೇಕೆಂದರೆ ನಾವು ಸಕಲೇಶಪುರಕ್ಕೇ ಹೋಗಬೇಕು.

ಹಾಸನದಲ್ಲಿ ನನ್ನ ಅಣ್ಣನ ಮಗಳಿಗೆ ಒಂದು ಕೆಲಸ ಸಿಕ್ಕಿತು. ಅಲ್ಲಿಯೇ ಒಂದು ಬಾಡಿಗೆ ಕೋಣೆ ಹಿಡಿದಳು. ಹಬ್ಬಕ್ಕೆ ಬಂದಾಗ ಒಮ್ಮೆ, “ಚಿಕ್ಕಪ್ಪ, ಸಕಲೇಶಪುರದವರೆಗೆ ಸ್ಕೂಟರಿನಲ್ಲಿ ಹೋಗಿ, ಅದನ್ನು ಅಲ್ಲೇ ಬಿಟ್ಟು ರೈಲು ಹತ್ತಿ, ಸಂಜೆ ಮನೆಗೆ ಬರುವ ಹಾಗಿದ್ದರೆ ಈ ಕೋಣೆ ಯಾಕೆ ಬೇಕಿತ್ತು?” ಎಂದಳು. ಪಕ್ಕದಲ್ಲಿ ಅಕ್ಕಿ ಆರಿಸುತ್ತಿದ್ದ ಅತ್ತಿಗೆ ಮಾತಾಡಲಿಲ್ಲ. ಮೊರದ ಮೇಲೆ ಆಡುತ್ತಿದ್ದ ಕೈ ಮಾತ್ರ ನಿಂತಿತು. ಆಗ ನನಗೆ ಉತ್ತರ ಹೊಳೆಯಲಿಲ್ಲ. ಅದು ದೊರೆತದ್ದು ನಾಡಿನ ಇನ್ನೊಂದು ಮಗ್ಗುಲಲ್ಲಿ, ಬಂಗಾರಪೇಟೆಯ ರೈಲು ನಿಲ್ದಾಣದ ಹೊರಗೆ.

ಸ್ವಂತ ಕೆಲಸದ ಮೇಲೆ ಹೋಗಿ ಅಲ್ಲಿ ಒಂದು ರಾತ್ರಿ ತಂಗಿದ್ದೆ. ಬೆಳಗಿನ ಜಾವ ಎದ್ದು ನಿಲ್ದಾಣಕ್ಕೆ ಬಂದರೆ, ಅಷ್ಟು ಹೊತ್ತಿಗಾಗಲೇ ಸುತ್ತಲಿನ ಹಳ್ಳಿಗಳಿಂದ ಬೈಕು, ಸ್ಕೂಟರುಗಳು ಒಂದರ ಹಿಂದೊಂದು ಬರುತ್ತಿವೆ. ಗಂಡ ಹೆಂಡತಿಯನ್ನು ಇಳಿಸಿ ಹಿಂದಿರುಗುತ್ತಾನೆ. ತಮ್ಮ ಅಣ್ಣನ ಬೈಕನ್ನು ತಿರುಗಿಸಿಕೊಂಡು ಹೋಗುತ್ತಾನೆ. ಬಿಡಿಸಿಕೊಳ್ಳುವವರು ಇಲ್ಲದವರು ಸ್ಟ್ಯಾಂಡಿನಲ್ಲಿ ಗಾಡಿ ನಿಲ್ಲಿಸಿ ಚೀಟಿ ಪಡೆದು ಓಡುತ್ತಾರೆ. ಕೈಯಲ್ಲಿ ಬುತ್ತಿ, ಜೇಬಿನಲ್ಲಿ ಸೀಸನ್ ಟಿಕೆಟ್. “ರಾತ್ರಿ ಗಾಡಿ ಎಷ್ಟು ಲೇಟಾದ್ರೂ ನಾನು ಇಲ್ಲೇ ಇರ್ತೀನಿ ಸಾರ್. ಇವರು ಬರದೆ ನಾನು ಮನೆಗೆ ಹೋಗೋ ಹಾಗಿಲ್ಲ” ಎಂದ ಸ್ಟ್ಯಾಂಡಿನವನು. ಆ ಮಾತಿನಲ್ಲಿ ಒಂದು ಊರಿನ ಚರಿತ್ರೆಯೇ ಅಡಗಿದೆಯೆಂದು ಆಮೇಲೆ ನನಗೆ ಅನ್ನಿಸಿತು.

ಮದರಾಸು ಕಡೆಯಿಂದ ಜೋಲಾರಪೇಟೆಯ ಮೂಲಕ ಬೆಂಗಳೂರು ದಂಡಿಗೆ ರೈಲು ಬಂದದ್ದು 1864ರ ಆಗಸ್ಟ್‌ನಲ್ಲಿ. ದಾರಿಯ ಒಂದು ನಿಲ್ದಾಣಕ್ಕೆ ಅಂದಿನ ಮೈಸೂರಿನ ಕಮಿಷನರ್ ಲೂಯಿನ್ ಬೌರಿಂಗ್ ಅವರ ಹೆಸರು ನಿಂತು ‘ಬೌರಿಂಗ್‌ಪೇಟೆ’ಯಾಯಿತು. ಅದೇ ಇಂದಿನ ಬಂಗಾರಪೇಟೆ. 1880ರ ದಶಕದಲ್ಲಿ ಜಾನ್ ಟೇಲರ್ ಕಂಪೆನಿಯವರು ಕೋಲಾರದ ಚಿನ್ನದ ಗಣಿಗಳನ್ನು ಕೈಗೆತ್ತಿಕೊಂಡಾಗ, ಯಂತ್ರಗಳು ಇಲ್ಲಿ ರೈಲಿನಿಂದ ಇಳಿದು ಎತ್ತಿನ ಗಾಡಿಗಳನ್ನು ಹತ್ತಬೇಕಾಗಿತ್ತು. ಆಗಲೂ ನಿಲ್ದಾಣದ ಹೊರಗೆ ಗಾಡಿಗಳ ಸಾಲು ಇತ್ತು. ಆದರೆ ಅವು ಕಾಯುತ್ತಿದ್ದುದು ಸರಕನ್ನು, ಜನರನ್ನಲ್ಲ. 1894ರಲ್ಲಿ ಬೌರಿಂಗ್‌ಪೇಟೆಯಿಂದ ಮಾರಿಕುಪ್ಪಂವರೆಗೆ ಸುಮಾರು 16 ಕಿಲೋಮೀಟರಿನ ಕವಲು ಹಳಿ ಬಿತ್ತು. ಕೋರಮಂಡಲ್, ಚಾಂಪಿಯನ್, ಊರಿಗಾಂ—ನಿಲ್ದಾಣಗಳ ಹೆಸರುಗಳನ್ನು ಓದಿದರೆ ಸಾಕು, ಈ ಹಳಿಯನ್ನು ಯಾರಿಗಾಗಿ ಹಾಕಿದರೆಂಬುದನ್ನು ಬೇರೆ ಹೇಳಬೇಕಾಗಿಲ್ಲ.

ಆ ಕಾಲದಲ್ಲಿ ಎಲ್ಲವೂ ಗಣಿಗೆ ಮೊದಲು, ಉಳಿದವರಿಗೆ ಆಮೇಲೆ. ಶಿವನಸಮುದ್ರದ ವಿದ್ಯುತ್ತು 1902ರಲ್ಲಿಯೇ ಗಣಿಗೆ ಹರಿಯಿತು. ಬೆಂಗಳೂರಿನ ಬೀದಿಗಳು ಅದರ ಬೆಳಕನ್ನು ಕಂಡದ್ದು 1905ರಲ್ಲಿ. ಮೂರು ಕಿಲೋಮೀಟರಿಗೂ ಆಳಕ್ಕೆ ಇಳಿದ ಈ ಗಣಿಗಳು 800 ಟನ್ನಿಗೂ ಮಿಗಿಲಾಗಿ ಚಿನ್ನ ಕೊಟ್ಟವೆಂದು ಲೆಕ್ಕ. 1956ರಲ್ಲಿ ಅವು ಮೈಸೂರು ಸರ್ಕಾರದ ವಶಕ್ಕೆ ಬಂದವು. ಮುಂದೆ ಕೇಂದ್ರ ಸರ್ಕಾರದ ಪಾಲಾದವು. ಅದಿರಿನ ಸತ್ವ ಇಳಿಯಿತು, ಖರ್ಚು ಏರಿತು. 2001ರ ಫೆಬ್ರವರಿ 28ರಂದು ಗಣಿ ಮುಚ್ಚಿತು.

ಗಣಿ ಮುಚ್ಚಿದ ಊರುಗಳಿಗೆ ಏನಾಗುತ್ತದೆಂಬುದನ್ನು ಲೋಕ ಬೇಕಾದಷ್ಟು ಕಂಡಿದೆ. ಬಾಗಿಲು ಮುರಿದ ಮನೆಗಳು, ಹುಲ್ಲು ಬೆಳೆದ ರಸ್ತೆಗಳು, ಕೊನೆಗೆ ಭೂಪಟದಲ್ಲಿ ಬರಿಯ ಒಂದು ಹೆಸರು. ಕೆ.ಜಿ.ಎಫ್. ಬಡವಾಯಿತು, ನಿಜ, ಆದರೆ ಬರಿದಾಗಲಿಲ್ಲ. ಜನ ಊರು ಬಿಡಲಿಲ್ಲ, ಹಳಿಯನ್ನು ಹಿಡಿದರು. ಚಿನ್ನಕ್ಕಾಗಿ ಹಾಕಿದ ಅದೇ ಕವಲು ಹಳಿಯ ಮೇಲೆ ಕುಳಿತು, ಬಂಗಾರಪೇಟೆಯ ಮೂಲಕ, ಅಲ್ಲಿಂದ ಸುಮಾರು 70 ಕಿಲೋಮೀಟರಿನಾಚೆಯ ಬೆಂಗಳೂರಿಗೆ ದಿನವೂ ಹೋಗಿಬರಲು ಕಲಿತರು. ವೈಟ್‌ಫೀಲ್ಡ್, ಕೃಷ್ಣರಾಜಪುರ, ದಂಡು, ಬೆಂಗಳೂರು ನಗರ—ಎಲ್ಲ ನಿಲ್ದಾಣಗಳಲ್ಲೂ ಅವರು ಇಳಿಯುತ್ತಾರೆ. ಕಾರ್ಖಾನೆಗೆ, ಅಂಗಡಿಗೆ, ಕಚೇರಿಗೆ, ಮನೆಗೆಲಸಕ್ಕೆ. ಅಜ್ಜ ಭೂಮಿಯೊಳಕ್ಕೆ ಇಳಿದು ಸಂಜೆ ಮೇಲೆ ಬರುತ್ತಿದ್ದ. ಮೊಮ್ಮಗಳು ಬೆಳಗಿನ ಗಾಡಿ ಹತ್ತಿ ರಾತ್ರಿ ಹಿಂತಿರುಗುತ್ತಾಳೆ. ಬಳಲಿಕೆ ಕಡಿಮೆಯೇನೂ ಅಲ್ಲ. ಕೆಲವರು ಮಕ್ಕಳನ್ನು ಎಚ್ಚರವಾಗಿರುವಾಗ ನೋಡುವುದು ಭಾನುವಾರ ಮಾತ್ರ. ಆದರೂ ಮಲಗುವುದು ತಮ್ಮ ಮನೆಯಲ್ಲಿ, ಓಟು ಹಾಕುವುದು ತಮ್ಮ ಊರಿನಲ್ಲಿ.

ಸ್ವಂತ ಗಾಡಿಯನ್ನು ನಿಲ್ದಾಣದಲ್ಲಿ ಬಿಟ್ಟು ರೈಲು ಹತ್ತುವುದನ್ನು ಪಶ್ಚಿಮದವರು ಒಂದು ಶಾಸ್ತ್ರವನ್ನಾಗಿಯೇ ಮಾಡಿದ್ದಾರೆ. ಅಮೆರಿಕದ ಬಾಸ್ಟನ್ ನಗರದ ಹೊರಗೆ, ಹೆದ್ದಾರಿಯೊಂದರ ಮಗ್ಗುಲಲ್ಲಿ, ಕಾರಿನವರಿಗೆಂದೇ 1953ರಲ್ಲಿ ‘ರೂಟ್ 128’ ಎಂಬ ನಿಲ್ದಾಣ ತೆರೆದರು. ಇಂಗ್ಲೆಂಡಿನಲ್ಲಿ 1972ರಲ್ಲಿ ಬ್ರಿಸ್ಟಲ್ ಪಾರ್ಕ್‌ವೇ ಬಂತು. ಅಲ್ಲಿ ಮೊದಲು ವಾಹನ ನಿಲ್ಲಿಸುವ ಬಯಲನ್ನು ಅಳೆದರು, ಆಮೇಲೆ ಜನ ಬಂದರು. ನಮ್ಮಲ್ಲಿ ಮೊದಲು ಜನ ಬರುತ್ತಾರೆ. ಮರದ ನೆರಳಲ್ಲಿ, ಗೋಡೆಯ ಬುಡದಲ್ಲಿ ಗಾಡಿ ನಿಲ್ಲಿಸುತ್ತಾರೆ. ಅಳತೆಯ ಟೇಪು ಬರುವುದು ಕೊನೆಗೆ. ಬೆಂಗಳೂರಿನ ಸುತ್ತ 148 ಕಿಲೋಮೀಟರಿನ ಉಪನಗರ ರೈಲು ಯೋಜನೆಗೆ ಒಪ್ಪಿಗೆ ಸಿಕ್ಕಿದ್ದು 2020ರಲ್ಲಿ. ಬಂಗಾರಪೇಟೆಯವರು ಅದಕ್ಕೆ ಎಷ್ಟೋ ವರ್ಷ ಮೊದಲೇ ತಮ್ಮ ಉಪನಗರ ರೈಲನ್ನು ತಾವೇ ಮಾಡಿಕೊಂಡಿದ್ದರು.

ಈಗ ನಮ್ಮ ಬೆಟ್ಟಕ್ಕೆ ಹಿಂತಿರುಗೋಣ. ಹಾಸನ–ಮಂಗಳೂರು ಹಳಿಯ ಕೆಲಸ 1960ರ ದಶಕದಲ್ಲಿ ಮೊದಲಾಗಿ, 1979ರಲ್ಲಿ ದಾರಿ ಪೂರ್ಣವಾಯಿತು. ಸಕಲೇಶಪುರದಿಂದ ಸುಬ್ರಹ್ಮಣ್ಯ ರೋಡಿನವರೆಗಿನ 55 ಕಿಲೋಮೀಟರಿನಲ್ಲಿ 57 ಸುರಂಗಗಳು, ನೂರಕ್ಕೂ ಮಿಗಿಲಾದ ಸೇತುವೆಗಳು. 50 ಅಡಿ ಸಾಗಿದರೆ ಒಂದು ಅಡಿ ಏರು. ಇಷ್ಟೆಲ್ಲ ಸಾಹಸದ ಹಿಂದಿನ ದೊಡ್ಡ ಆಸೆ ಮಂಗಳೂರಿನ ಹೊಸ ಬಂದರಿಗೆ ಒಳನಾಡಿನ ಸರಕನ್ನು ಮುಟ್ಟಿಸುವುದು. 1996ರಲ್ಲಿ ಹಳಿಯನ್ನು ಅಗಲ ಮಾಡಲೆಂದು ಘಾಟಿಯ ದಾರಿ ಮುಚ್ಚಿದರು. ಅದು ಮತ್ತೆ ತೆರೆದಾಗ, 2006ರಲ್ಲಿ, ಮೊದಲು ಓಡಿದ್ದು ಸರಕಿನ ಗಾಡಿ. ಜನರ ಗಾಡಿ ಬಂದದ್ದು 2007ರ ಡಿಸೆಂಬರಿನಲ್ಲಿ. ಹನ್ನೊಂದು ವರ್ಷಗಳ ಕಾಲ ಜನರ ಗಾಡಿಯೇ ಇಲ್ಲದೆ ಇದ್ದ ನಮಗೆ ಅದೇ ದೊಡ್ಡ ಹಬ್ಬವಾಗಿತ್ತು. ಕೋಲಾರದಲ್ಲಿ ಚಿನ್ನ ಮೊದಲು, ಇಲ್ಲಿ ಬಂದರಿನ ಸರಕು ಮೊದಲು. ಎರಡು ಕಡೆಯೂ ಜನ ಆಮೇಲೆ.

ಆದರೆ ‘ಆಮೇಲೆ’ ಎಂಬುದು ‘ಎಂದೂ ಇಲ್ಲ’ ಎಂದಲ್ಲ. ಬಂಗಾರಪೇಟೆ ಕಲಿಸುವ ಪಾಠ ಅದೇ. ಸಕಲೇಶಪುರದಿಂದ ಬಾಳ್ಳುಪೇಟೆ, ಆಲೂರು ದಾಟಿ ಹಾಸನಕ್ಕೆ ಸುಮಾರು 40 ಕಿಲೋಮೀಟರು. ಬಂಗಾರಪೇಟೆ–ಬೆಂಗಳೂರು ದೂರಕ್ಕಿಂತ ಎಷ್ಟೋ ಕಡಿಮೆ. ಸೀಸನ್ ಟಿಕೆಟ್ಟಿನ ಮಿತಿ 150 ಕಿಲೋಮೀಟರು. ಹಾಸನ ಅದರೊಳಗೆ ಆರಾಮವಾಗಿ ಬರುತ್ತದೆ. ಬೇಕಾದದ್ದು ಎರಡೇ: ಕೆಲಸಕ್ಕೆ ಹೋಗುವವರ ಹೊತ್ತಿಗೆ ಹೊಂದುವ ಒಂದು ಗಾಡಿ; ಮಲೆನಾಡಿನ ಮಳೆಯಲ್ಲಿ ಇಡೀ ದಿನ ಸ್ಕೂಟರು ನಿಲ್ಲಲು ಒಂದು ಮಾಡು. ಅಡ್ಡಿಗಳೂ ಇಲ್ಲದಿಲ್ಲ. 2018ರ ಆಗಸ್ಟ್‌ನಲ್ಲಿ, ಮತ್ತೆ 2024ರ ಜುಲೈನಲ್ಲಿ, ಗುಡ್ಡ ಕುಸಿದು ಘಾಟಿಯ ಹಳಿ ಮುಚ್ಚಿತ್ತು. 2024ರ ಆಗಸ್ಟ್‌ನಲ್ಲಿ ಸಕಲೇಶಪುರ–ಬಾಳ್ಳುಪೇಟೆಗಳ ನಡುವೆಯೂ ಮಣ್ಣು ಜಾರಿತು. ನಮ್ಮ ಬೆಟ್ಟಗಳನ್ನು ನಂಬಿ ಗಡಿಯಾರ ತಿರುಗಿಸುವಂತಿಲ್ಲ, ಒಪ್ಪಿದೆ. ಹಾಗೆಂದು ವರ್ಷದಲ್ಲಿ ಕೆಲವು ದಿನ ಮುಚ್ಚುವ ದಾರಿಗೆ ಹೆದರಿ, ಉಳಿದೆಲ್ಲ ದಿನ ಮಕ್ಕಳನ್ನು ಊರಿನಿಂದ ಹೊರಗಿಡಬೇಕೆ?

ಮಲೆನಾಡಿನ ಹಳ್ಳಿಗಳಲ್ಲಿ ಈಗ ಮನೆಗೆ ಇಬ್ಬರು ಮುದುಕರು, ಒಂದು ನಾಯಿ ಎಂಬಂತಾಗಿದೆ. ತೋಟಕ್ಕೆ ಆಳು ಸಿಗದ ಕಷ್ಟ ಒಂದು. ಮನೆಗೆ ಮಕ್ಕಳು ಸಿಗದ ಕಷ್ಟ ಇನ್ನೊಂದು. ಮೊದಲನೆಯದನ್ನು ಸಭೆಗಳಲ್ಲಿ ಮಾತಾಡುತ್ತಾರೆ. ಎರಡನೆಯದನ್ನು ಯಾರೂ ಆಡುವುದಿಲ್ಲ.

ಮೊನ್ನೆ ಅಣ್ಣನ ಮಗಳಿಗೆ ಬಂಗಾರಪೇಟೆಯ ಕಥೆಯನ್ನೆಲ್ಲ ಹೇಳಿದೆ. ಅವಳು ಕೇಳಿ ನಕ್ಕು, “ಹಾಗಾದರೆ ಮೊದಲು ಒಬ್ಬರು ಗಾಡಿ ನಿಲ್ಲಿಸಬೇಕು ಅನ್ನಿ, ಚಿಕ್ಕಪ್ಪ” ಎಂದಳು. ಈ ಸಲ ಅತ್ತಿಗೆ ಮಾತಾಡಿದರು: “ಮಳೆಗಾಲ ಕಳೆಯಲಿ. ಒಂದು ದಿನ ಹೋಗಿ ನೋಡು. ಎಷ್ಟು ಹೊತ್ತಾದರೂ ಅಡುಗೆ ಬಿಸಿಯಾಗಿರುತ್ತೆ.” ಬಂಗಾರಪೇಟೆಯ ಆ ಸ್ಟ್ಯಾಂಡಿನವನ ಮಾತು ನನಗೆ ನೆನಪಾಯಿತು.