ಕೇಳದೆ ಉಳಿದ ಪ್ರಶ್ನೆ

ನಮ್ಮ ಸೀಮೆಯಲ್ಲಿ ಅಪರಿಚಿತರು ಎದುರಾದಾಗ ಎರಡು ಪ್ರಶ್ನೆಗಳು ಏಳುವುದು ವಾಡಿಕೆ. ‘ಯಾವೂರಾಯಿತು?’ ಎಂಬುದು ಮೊದಲನೆಯದು, ‘ಯಾವ ಜನ?’ ಎಂಬುದು ಎರಡನೆಯದು. ಹಿಂದಿನ ದಾರಿಹೋಕನು ಈ ಎರಡನೆಯದಕ್ಕೆ ಉತ್ತರ ಕೊಟ್ಟಲ್ಲದೆ ಎಷ್ಟೋ ಛತ್ರಗಳಲ್ಲಿ ಎಲೆ ಹಾಕುತ್ತಿರಲಿಲ್ಲ, ಬಾವಿಕಟ್ಟೆಯಲ್ಲಿ ಬೊಗಸೆಗೆ ನೀರು ಬೀಳುತ್ತಿರಲಿಲ್ಲ. ಅದನ್ನು ಕೇಳದೆ ಜಾಗ ಕೊಟ್ಟ ಮೊದಲ ಸಾರ್ವಜನಿಕ ಸ್ಥಳಗಳಲ್ಲಿ ರೈಲುಗಾಡಿಯೂ ಒಂದೆಂದು ನನ್ನ ಎಣಿಕೆ.

1876–78ರ ಭೀಕರ ಕ್ಷಾಮದಲ್ಲಿ, ಧಾನ್ಯವನ್ನು ಊರೂರಿಗೆ ಮುಟ್ಟಿಸುವುದು ಎಷ್ಟು ಕಷ್ಟವೆಂದು ಮೈಸೂರು ಸಂಸ್ಥಾನಕ್ಕೆ ಮನದಟ್ಟಾಯಿತು. 1881ರಲ್ಲಿ ಆಡಳಿತ ಅರಸರ ಕೈಗೆ ಮರಳಿದಾಗ ದಿವಾನ್ ರಂಗಾಚಾರ್ಲು ಅವರು ರೈಲುಮಾರ್ಗಕ್ಕೆ ಪ್ರಾಶಸ್ತ್ಯವಿತ್ತರು. ಅವರ ನಂತರ, ಶೇಷಾದ್ರಿ ಅಯ್ಯರ್ ಅವರ ಕಾಲದಲ್ಲಿ, ಬೆಂಗಳೂರಿನಿಂದ ಹೊರಟ ಮೀಟರ್ ಗೇಜ್ ಹಳಿ 1884ರಲ್ಲಿ ತುಮಕೂರು ದಾಟಿ ಗುಬ್ಬಿಗೆ ಬಂದಿತು. ಅದೇ ವರ್ಷ ಗುಬ್ಬಿಯಲ್ಲಿ ಹುಟ್ಟಿದ ನಾಟಕ ಕಂಪನಿಯೂ ಮುಂದೆ ಟಿಕೆಟ್ಟಿನ ಬಲದಿಂದಲೇ ಜನರನ್ನು ಒಂದೆಡೆ ಕೂರಿಸಿತು. 1889ರ ಹೊತ್ತಿಗೆ ಹಳಿ ತಿಪಟೂರು, ಅರಸೀಕೆರೆಗಳನ್ನು ಹಾದು ಹರಿಹರವನ್ನು ಮುಟ್ಟಿತು. ಅದರ ಮೇಲೆ ತೆಂಗಿನ ನಾಡಿನ ಕೊಬ್ಬರಿ ಹೊರಟಿತು. ಕೊಬ್ಬರಿಯೊಡನೆ ಜನವೂ ಹೊರಟರು.

ರೈಲಿನಲ್ಲಿ ಭೇದವೇ ಇರಲಿಲ್ಲವೆಂದಲ್ಲ. ಹಣದ ಭೇದ ದರ್ಜೆಗಳಲ್ಲಿತ್ತು. ಮೂರನೆಯ ದರ್ಜೆಯೆಂಬ ಹೆಸರು ಅಳಿದದ್ದು 1974ರಲ್ಲಿ. ಬ್ರಿಟಿಷರ ಕಾಲದಲ್ಲಿ ದೇಶದ ಎಷ್ಟೋ ನಿಲ್ದಾಣಗಳಲ್ಲಿ ಹಿಂದೂಗಳಿಗೊಂದು, ಮುಸ್ಲಿಮರಿಗೊಂದು ಕುಡಿಯುವ ನೀರಿನ ಏರ್ಪಾಡಿತ್ತು. ಆದರೆ ಟಿಕೆಟ್ಟಿನ ಮೇಲೆ ಊರಿನ ಹೆಸರಿತ್ತೇ ಹೊರತು ಜಾತಿಯ ಹೆಸರಿರಲಿಲ್ಲ.

ತಿಪಟೂರಿಗೆ ಮೊದಲು ಸಿಗುವ ಸಣ್ಣ ನಿಲ್ದಾಣ ಅರಳಗುಪ್ಪೆ. ಆ ಊರಿನಲ್ಲಿ ಒಂಬತ್ತನೆಯ ಶತಮಾನದ ಕಲ್ಲೇಶ್ವರ ಗುಡಿಯಿದೆ. ಅದರ ಚಾವಣಿಯಲ್ಲಿ ನರ್ತಿಸುವ ಶಿವನ ಸುತ್ತ ಅಷ್ಟದಿಕ್ಪಾಲಕರು ತಂತಮ್ಮ ಅಂಕಣಗಳಲ್ಲಿದ್ದಾರೆ. ನಮ್ಮ ಹಳ್ಳಿಗಳಲ್ಲಿಯೂ ಬಹುಕಾಲ ಹೀಗೆಯೇ, ಒಬ್ಬೊಬ್ಬರಿಗೆ ಒಂದೊಂದು ಕೇರಿ. ಮೀಟರ್ ಗೇಜಿನ ದಿನಗಳಲ್ಲಿ ಆ ನಿಲ್ದಾಣದಲ್ಲಿ ಪ್ಯಾಸೆಂಜರ್ ಗಾಡಿ ಹತ್ತಿದ ಒಬ್ಬ ವೃದ್ಧೆಯನ್ನು ನಾನು ಕಂಡದ್ದುಂಟು. ಒಂದು ಕೈಯಲ್ಲಿ ಗಂಟು, ಇನ್ನೊಂದರಲ್ಲಿ ಮೊಮ್ಮಗು. ಶುಭ್ರವಾದ ಪಂಚೆಯುಟ್ಟ ಹಿರಿಯರೊಬ್ಬರು ಸರಿದು ಜಾಗ ಕೊಟ್ಟು, ಯಾವೂರೆಂದು ವಿಚಾರಿಸಿದರು, ಆಕೆ ಹೇಳಿದಳು. ಎರಡನೆಯ ಪ್ರಶ್ನೆ ಅವರ ತುಟಿಯವರೆಗೆ ಬಂದಂತೆ ನನಗೆ ತೋರಿತು. ಅಷ್ಟರಲ್ಲಿ ಮಗು ನಿದ್ದೆಯಲ್ಲಿ ಅವರ ತೊಡೆಗೆ ವಾಲಿತು. ತಿಪಟೂರು ಬರುವವರೆಗೂ ಅವರು ಕಾಲು ಕದಲಿಸಲಿಲ್ಲ. ಇಳಿಯುವಾಗ ಆಕೆ ಗಂಟಿನಿಂದ ಒಂದು ಹೋಳು ಕೊಬ್ಬರಿ ತೆಗೆದು ಬೆಂಚಿನ ಮೇಲಿಟ್ಟಳು. ಅವರು ಒಂದು ಕ್ಷಣ ನೋಡಿ, ಅದನ್ನು ಬಾಯಿಗೆ ಹಾಕಿಕೊಂಡರು.

ಇಳಿದವರೆಲ್ಲ ತಂತಮ್ಮ ಕೇರಿಗೇ ಹೋಗುತ್ತಾರೆ. ಒಂದು ಪ್ರಯಾಣದಿಂದ ಊರು ಬದಲಾಗುವುದಿಲ್ಲ. ಆದರೂ ಆ ಪ್ರಶ್ನೆಯಿಲ್ಲದೆ ಪಕ್ಕಪಕ್ಕದಲ್ಲಿ ಕೂರುವ ಅಭ್ಯಾಸ ನಮ್ಮ ಜನಕ್ಕೆ ಬಂದದ್ದು ಬಹುಮಟ್ಟಿಗೆ ಇಂಥ ಮರದ ಬೆಂಚುಗಳ ಮೇಲೆ. 1990ರ ದಶಕದಲ್ಲಿ ಈ ಮಾರ್ಗ ಬ್ರಾಡ್ ಗೇಜ್ ಆಯಿತು, ಗಾಡಿಗಳ ವೇಗ ಹೆಚ್ಚಿತು. ಆ ಅಭ್ಯಾಸ ನಿಲ್ದಾಣವನ್ನು ದಾಟಿ ಊರೊಳಕ್ಕೆ ಎಷ್ಟು ದೂರ ನಡೆದು ಬಂದಿದೆಯೆಂಬುದನ್ನು ನಾವೇ ನೋಡಿಕೊಳ್ಳಬೇಕು.