ಕೊನೆ ಮೊದಲನ್ನು ಸೇರುವ ಚಿತ್ರ: ಲೂಪ್ ವಿಡಿಯೊದ ಚರಿತ್ರೆ

ತುಣುಕೊಂದು ಕೊನೆ ಮುಟ್ಟಿದೊಡನೆ ಮತ್ತೆ ಮೊದಲಿನಿಂದ ಆರಂಭವಾಗಿ, ಎಲ್ಲಿ ಮುಗಿಯಿತು, ಎಲ್ಲಿ ಶುರುವಾಯಿತು ಎಂಬುದು ನೋಡುವವರ ಗಮನಕ್ಕೇ ಬಾರದಂತೆ ಸಾಗುವ ದೃಶ್ಯವನ್ನು ಬೆಸುಗೆ ಕಾಣದ ಲೂಪ್ ವಿಡಿಯೊ ಎನ್ನಬಹುದು. ಇದನ್ನು ಮೊಬೈಲ್ ಯುಗದ ಕೂಸೆಂದು ಭಾವಿಸುವವರೇ ಹೆಚ್ಚಾದರೂ ಚರಿತ್ರೆ ಹೇಳುವುದು ಬೇರೆ: ಚಲಿಸುವ ಚಿತ್ರ ಹುಟ್ಟಿದ್ದೇ ಲೂಪ್ ಆಗಿ, ಆದಿ, ಅಂತ್ಯಗಳುಳ್ಳ ಸಿನಿಮಾ ಬಂದದ್ದು ಆಮೇಲೆ.

ಬೆಲ್ಜಿಯಂನ ಭೌತವಿಜ್ಞಾನಿ ಜೋಸೆಫ್ ಪ್ಲಾಟೊ ಮತ್ತು ವಿಯೆನ್ನಾದ ಸೈಮನ್ ಸ್ಟಾಂಪ್ಫರ್ ಅವರು 1832ರ ಸುಮಾರಿಗೆ, ಒಬ್ಬರ ಕೆಲಸ ಇನ್ನೊಬ್ಬರಿಗೆ ತಿಳಿಯದೆಯೇ, ಮುಂದೆ ಫೆನಾಕಿಸ್ಟಿಸ್ಕೋಪ್ ಎಂದು ಹೆಸರಾದ ಸಾಧನವನ್ನು ರೂಪಿಸಿದರು. ಅದು ಅಂಚಿನುದ್ದಕ್ಕೂ ಸೀಳುಗಳಿದ್ದ ರಟ್ಟಿನ ಬಿಲ್ಲೆ. ಅದನ್ನು ಕನ್ನಡಿಯ ಮುಂದೆ ಹಿಡಿದು ತಿರುಗಿಸುತ್ತ ಸೀಳುಗಳ ಮೂಲಕ ನೋಡಿದರೆ, ಪ್ರತಿಬಿಂಬದಲ್ಲಿ ಸುತ್ತಲೂ ಬರೆದ ಭಂಗಿಗಳು ಒಂದೇ ಆಕೃತಿಯ ಚಲನೆಯಾಗಿ ಕಾಣುತ್ತಿದ್ದವು. ಪ್ಲಾಟೊ ಅವರ ಬಿಲ್ಲೆಯ ಮೇಲೆ ಗಿರಕಿ ಹೊಡೆಯುವ ನರ್ತಕನ 16 ಭಂಗಿಗಳಿದ್ದು, ಕೊನೆಯ ಭಂಗಿಯ ಪಕ್ಕದಲ್ಲೇ ಮೊದಲನೆಯದು ಇದ್ದುದರಿಂದ ಬೆಸುಗೆಯ ಪ್ರಶ್ನೆಯೇ ಏಳಲಿಲ್ಲ. ಚಿತ್ರಗಳೂ ಸೀಳುಗಳೂ ಒಂದೇ ಸಂಖ್ಯೆಯಲ್ಲಿದ್ದರೆ ಆಕೃತಿ ನಿಂತಲ್ಲೇ ಕುಣಿಯುತ್ತಿತ್ತು. ಚಿತ್ರ ಒಂದು ಹೆಚ್ಚೋ ಕಡಿಮೆಯೋ ಆದರೆ ಕುಣಿಯುತ್ತಲೇ ಬಿಲ್ಲೆಯ ಸುತ್ತ ಸರಿಯುತ್ತಿತ್ತು. ಪೀಪಾಯಿಯಂತಹ ಝೋಯಿಟ್ರೋಪ್ ಮತ್ತು ಎಮಿಲ್ ರೇನೊ 1877ರಲ್ಲಿ ಕನ್ನಡಿಗಳನ್ನು ಬಳಸಿ ಮಾಡಿದ ಪ್ರಾಕ್ಸಿನೋಸ್ಕೋಪ್ ಇದೇ ಜಾಡಿನವು.

ತೊಡಕು ಬಂದದ್ದು ಕ್ಯಾಮೆರಾದಿಂದ. ನ್ಯೂಯಾರ್ಕ್‌ನಲ್ಲಿ 1894ರಲ್ಲಿ ಸಾರ್ವಜನಿಕ ಪ್ರದರ್ಶನಕ್ಕೆ ಬಂದ ಎಡಿಸನ್‌ರ ಕಿನೆಟೋಸ್ಕೋಪ್‌ನೊಳಗೆ ಸುಮಾರು 50 ಅಡಿ ಫಿಲ್ಮ್, ತುದಿಗೆ ತುದಿ ಅಂಟಿಸಿದ ಪಟ್ಟಿಯಾಗಿ ಉರುಳೆಗಳ ಮೇಲೆ ಸುತ್ತುತ್ತಿತ್ತು. ಪಟ್ಟಿಗೆ ಕೊನೆಯಿರಲಿಲ್ಲ, ಆದರೆ ಅದರಲ್ಲಿ ಸೆರೆಯಾದ ಘಟನೆಗೆ ಇತ್ತು. ವಸ್ತುವಿನ ಜೋಡಣೆ ಬೇರೆ, ದೃಶ್ಯದ ಜೋಡಣೆ ಬೇರೆ ಎಂಬ ಈ ಭೇದವೇ ಮುಂದಿನ ಚರಿತ್ರೆಯ ಕೀಲಿಯೆಂದು ಪರಿಗಣಿಸಬೇಕು. ಕಂಪ್ಯೂಸರ್ವ್ ಸಂಸ್ಥೆ 1987ರಲ್ಲಿ ತಂದ ಜಿಫ್ ಕಡತವನ್ನು 1995ರ ನೆಟ್‌ಸ್ಕೇಪ್ ಬ್ರೌಸರ್ ನಿಲ್ಲದೆ ಸುತ್ತಿಸತೊಡಗಿದಾಗಲೂ ಸಿಕ್ಕಿದ್ದು ಮೊದಲ ಬಗೆಯ ಜೋಡಣೆಯಷ್ಟೇ.

ಎರಡನೆಯದಕ್ಕೆ ಗಟ್ಟಿ ಗಣಿತ ಒದಗಿಸಿದ್ದು ಆರ್ನೊ ಶೋಡ್ಲ್, ರಿಚರ್ಡ್ ಸೆಲಿಸ್ಕಿ, ಡೇವಿಡ್ ಸೇಲ್ಸಿನ್ ಮತ್ತು ಇರ್ಫಾನ್ ಎಸ್ಸಾ ಅವರು 2000ದಲ್ಲಿ ಮಂಡಿಸಿದ ‘ವಿಡಿಯೊ ಟೆಕ್ಸ್ಚರ್ಸ್’ ಪ್ರಬಂಧ. ತುಣುಕಿನ ಪ್ರತಿಯೊಂದು ಫ್ರೇಮನ್ನೂ, ಅಂದರೆ ಬಿಡಿಚಿತ್ರವನ್ನೂ, ಉಳಿದೆಲ್ಲವುಗಳೊಂದಿಗೆ ಹೋಲಿಸಿ, ಎಲ್ಲಿಂದ ಎಲ್ಲಿಗೆ ಜಿಗಿದರೆ ಕಣ್ಣಿಗೆ ತಿಳಿಯದೆಂದು ಲೆಕ್ಕಹಾಕುವುದು ಇದರ ತಿರುಳು. ಇಲ್ಲಿ ಗಡಿಯಾರದ ಲೋಲಕದ ಉದಾಹರಣೆ ಬಹಳ ಮುಖ್ಯವಾದುದು. ಲೋಲಕ ಎಡಕ್ಕೆ ಹೋಗುವಾಗಲೂ ಬಲಕ್ಕೆ ಬರುವಾಗಲೂ ನಡುವಿನ ಒಂದೇ ಬಿಂದುವನ್ನು ದಾಟುತ್ತದೆ. ಆ ಎರಡು ಫ್ರೇಮುಗಳು ಒಂದೇ ತೆರನಾಗಿದ್ದರೂ ಒಂದರಿಂದ ಇನ್ನೊಂದಕ್ಕೆ ಜಿಗಿದರೆ ಲೋಲಕ ನಡುದಾರಿಯಲ್ಲಿ ತಟಕ್ಕನೆ ಹಿಂತಿರುಗಿದಂತಾಗುತ್ತದೆ. ಆದ್ದರಿಂದ ಬಿಡಿ ಫ್ರೇಮನ್ನಲ್ಲ, ಅದರ ಹಿಂದುಮುಂದಿನ ಫ್ರೇಮುಗಳ ಸಾಲನ್ನೇ ಹೋಲಿಸಬೇಕಾಯಿತು. ರೂಪ ಕೂಡಿದರೆ ಸಾಲದು, ಗತಿಯೂ ಕೂಡಬೇಕೆಂಬುದನ್ನು ಲೆಕ್ಕಕ್ಕೆ ತಂದದ್ದು ಈ ಪ್ರಬಂಧದ ನಿಜವಾದ ಹಿರಿಮೆ. ಜಿಗಿದ ಮೇಲೆ ಮುಂದೆ ದಾರಿಯೇ ಇಲ್ಲದ ಫ್ರೇಮಿನಲ್ಲಿ ಸಿಕ್ಕಿಬೀಳದಂತೆ ಮುಂದಾಗುವ ನಷ್ಟವನ್ನೂ ಅದು ಮೊದಲೇ ಎಣಿಸುತ್ತಿತ್ತು.

ಇಷ್ಟಾದರೂ ಇಡೀ ಫ್ರೇಮ್ ಒಟ್ಟಿಗೇ ಜಿಗಿಯಬೇಕಿತ್ತು. ಒಂದೇ ದೃಶ್ಯದಲ್ಲಿ ಜಲಪಾತವೂ ತೂಗುವ ಕೊಂಬೆಯೂ ಇದ್ದರೆ ಎರಡರ ಲಯ ಒಂದೇ ಕ್ಷಣಕ್ಕೆ ಕೂಡುವುದು ಅಪರೂಪ. ಜಿಚೆಂಗ್ ಲಿಯಾವೊ, ನೀಲ್ ಜೋಶಿ ಮತ್ತು ಹ್ಯೂಗ್ ಹೊಪ್ಪೆ 2013ರಲ್ಲಿ ಪ್ರತಿ ಪಿಕ್ಸೆಲ್‌ಗೂ, ಅಂದರೆ ಚಿತ್ರದ ಕಿರುಬಿಂದುವಿಗೂ, ತನ್ನದೇ ಆರಂಭಕಾಲ ಮತ್ತು ಆವರ್ತನದ ಅವಧಿಯನ್ನು ಗೊತ್ತುಮಾಡಿ, ನೆರೆಯ ಬಿಂದುಗಳ ನಡುವೆ ಗೆರೆ ಕಾಣದಂತೆ ಹೊಂದಿಸುವ ವಿಧಾನವನ್ನು ಪ್ರಕಟಿಸಿದರು. ಈ ವಿಧಾನದಲ್ಲಿ ನೀರು ಒಂದು ಲಯದಲ್ಲಿ, ಎಲೆಗಳು ಇನ್ನೊಂದರಲ್ಲಿ ಸುತ್ತಬಹುದು. ಯಾವ ಅವಧಿಗೂ ಒಗ್ಗದ ಭಾಗ ಸ್ಥಿರಚಿತ್ರವಾಗಿಯೇ ಉಳಿಯುತ್ತದೆ.