ಅಂಗೈಗೆ ಬಂದ ಡಯಾಬ್ಲೊ: ಒಂದು ಪಾಠಶೋಧನೆಯ ವಿಚಾರ

ಶಾಸನ, ತಾಳೆಗರಿ, ಕಡತಗಳನ್ನು ಆಕರಗಳೆಂದು ಪರಿಗಣಿಸುವ ನಾವು ಗಣಕಯಂತ್ರದ ಆಟಗಳನ್ನು ವಿನೋದದ ಸಾಮಗ್ರಿಯೆಂದು ಬದಿಗಿಡುವುದುಂಟು. ಆದರೆ ಇವೂ ಒಂದು ಕಾಲದ ಕೃತಿಗಳೇ. ಕಲ್ಲು ಗರಿಗಳಿಗಿಂತ ಬೇಗ ಅಳಿಯತಕ್ಕವು. ಯಂತ್ರವು ಹಳತಾದೊಡನೆ ಅದಕ್ಕಾಗಿ ಬರೆದ ಆಟವೂ ಮೂಕವಾಗುತ್ತದೆ. ಇಂಥ ಕೃತಿಯು ಉಳಿಯುವ ಬಗೆ ಯಾವುದೆಂಬುದನ್ನು ಡಯಾಬ್ಲೊ ಎಂಬ ಆಟದ ನಿದರ್ಶನದಿಂದ ಇಲ್ಲಿ ಪರಿಶೀಲಿಸುತ್ತೇವೆ.

ಡೇವಿಡ್ ಬ್ರೆವಿಕ್ ಹಾಗೂ ಮ್ಯಾಕ್ಸ್ ಮತ್ತು ಎರಿಕ್ ಶೇಫರ್ ಸೋದರರು ಕ್ಯಾಲಿಫೋರ್ನಿಯದಲ್ಲಿ ಸ್ಥಾಪಿಸಿದ ಕಾಂಡರ್ ಸಂಸ್ಥೆಯು 1996ರಲ್ಲಿ ಬ್ಲಿಜರ್ಡ್ ಸಂಸ್ಥೆಗೆ ಸೇರಿ ಬ್ಲಿಜರ್ಡ್ ನಾರ್ತ್ ಎನಿಸಿಕೊಂಡಿತು. ಆ ವರ್ಷದ ಕೊನೆಯಲ್ಲಿ ಅದರ ಡಯಾಬ್ಲೊ ಹೊರಬಂದಿತು. ಟ್ರಿಸ್ಟ್ರಮ್ ಎಂಬ ಹಳ್ಳಿಯ ದೇಗುಲದ ಕೆಳಗೆ 16 ಅಂತಸ್ತುಗಳ ನೆಲಮಾಳಿಗೆ. ಅದರೊಳಗೆ ಇಳಿಯುವ ವೀರನೊಬ್ಬ. ಆಟವನ್ನು ಮೊದಲು ಕಲ್ಪಿಸಿದ್ದು ಸರದಿಯ ಪದ್ಧತಿಯಲ್ಲಿ. ಅನಂತರ ಅದನ್ನು ಎಡೆಬಿಡದೆ ಸಾಗುವ ಕಾಳಗವಾಗಿ ಮಾರ್ಪಡಿಸಲಾಯಿತು. ನಡಿಗೆ, ಹೊಡೆತ, ಬಾಗಿಲು ತೆರೆಯುವುದು, ಎಲ್ಲವೂ ಮೌಸಿನ ಗುಂಡಿಯಿಂದಲೇ ನಡೆಯುತ್ತಿದ್ದುವು.

ಇಲ್ಲಿ ಒಂದು ವಿಶೇಷವನ್ನು ಗಮನಿಸಬೇಕು. ನೆಲಮಾಳಿಗೆಯ ವಿನ್ಯಾಸವು ಸ್ಥಿರವಾದುದಲ್ಲ. ಪ್ರತಿ ಹೊಸ ಆಟದಲ್ಲಿಯೂ ಯಂತ್ರವು ಅದನ್ನು ನಿಯಮಾನುಸಾರವಾಗಿ ಹೊಸದಾಗಿ ಕಟ್ಟುತ್ತದೆ. ಆದುದರಿಂದ ಚಿತ್ರಗಳನ್ನಾಗಲಿ ಯಾರೋ ಒಬ್ಬರು ಆಡಿದುದರ ದಾಖಲೆಯನ್ನಾಗಲಿ ಕಾಪಾಡಿದ ಮಾತ್ರಕ್ಕೆ ಕೃತಿಯು ಉಳಿಯಲಾರದು. ನಿಯಮಗಳು ಚಾಲನೆಯಲ್ಲಿರುವಾಗ ಮಾತ್ರವೇ ಕೃತಿಯುಂಟು. ಆ ನಿಯಮಗಳನ್ನು ಬರೆದ ಸೋರ್ಸ್ ಕೋಡ್, ಎಂದರೆ ಮೂಲಪಾಠವು, ಸಾರ್ವಜನಿಕರಿಗೆ ದೊರೆತಿರಲಿಲ್ಲ. ಕೊಂಡವರ ಕೈಗೆ ಬಂದುದು ಯಂತ್ರವಷ್ಟೇ ಓದಬಲ್ಲ ಅಂಕಿಗಳ ರೂಪ.

2018ರಲ್ಲಿ ಡೆವಿಲ್ಯೂಷನ್ ಎಂಬ ಹೆಸರಿನಿಂದ ಈ ಪಾಠದ ಪುನಾರಚನೆ ಪ್ರಕಟವಾಯಿತು. ಅದಕ್ಕೆ ನೆರವಾದುದು ಒಂದು ಮರೆವು. 1998ರ ಪ್ಲೇಸ್ಟೇಷನ್ ಅವತರಣಿಕೆಯನ್ನು ಸಿದ್ಧಪಡಿಸಿದವರು, ಕಾರ್ಯಭಾಗಗಳ ಮೂಲ ಹೆಸರುಗಳನ್ನು ಹೊತ್ತ ಕಡತವೊಂದನ್ನು ಅಳಿಸದೆ ಬಿಟ್ಟಿದ್ದರು. ಅದನ್ನು ಗಣಕದ ಪ್ರತಿಯೊಡನೆ ಹೋಲಿಸಿ ಮೂಲವನ್ನು ಊಹಿಸಲಾಯಿತು. ಭಿನ್ನ ಪ್ರತಿಗಳನ್ನು ಕೂಡಿಸಿ ಕವಿಯ ಪಾಠವನ್ನು ನಿರ್ಣಯಿಸುವ ಗ್ರಂಥಸಂಪಾದಕರ ಮಾರ್ಗವೇ ಇದು. ಮೂಲದ ದೋಷಗಳನ್ನು ತಿದ್ದದೆ ಉಳಿಸಿ, ಅಲ್ಲಲ್ಲಿ ಟಿಪ್ಪಣಿಯಿಂದ ಸೂಚಿಸಿದ ಸಂಯಮವೂ ಸಂಪಾದಕನದೇ.

ಈ ಪಾಠದ ಆಧಾರದ ಮೇಲೆ ಬೆಳೆದ ಡೆವಿಲ್ಯೂಷನ್ಎಕ್ಸ್ ಆಟವನ್ನು ಆಂಡ್ರಾಯ್ಡ್ ಫೋನು, ಪ್ಲೇಸ್ಟೇಷನ್ ವೀಟಾ, ನಿಂಟೆಂಡೊ ಸ್ವಿಚ್ ಮೊದಲಾದ ಕೈಯಲ್ಲಿ ಹಿಡಿಯುವ ಸಾಧನಗಳಿಗೆ ತಂದಿತು. ಇಲ್ಲಿ ಮೌಸಿಲ್ಲ, ಸಣ್ಣ ಕೋಲನ್ನು ವಾಲಿಸಿದತ್ತ ವೀರನು ನಡೆಯುತ್ತಾನೆ, ಹೊಡೆತಕ್ಕೆ ಹತ್ತಿರದ ವೈರಿಯನ್ನು ಯಂತ್ರವೇ ಗುರುತಿಸುತ್ತದೆ. ಹಾಗಾದರೆ ಇದು ಅದೇ ಕೃತಿಯೆ? ಗುರಿಯಿಡುವ ಕೈಚಳಕವು ಕೃತಿಯ ಅಂಗವೆಂದು ವಾದಿಸುವವರಿಗೆ ಇದು ಕುಂದಾಗಿ ತೋರಬಹುದು. ಆ ವಾದವನ್ನು ನಾವು ಲಘುವಾಗಿ ಕಾಣುವುದಿಲ್ಲ. ಆದರೆ ನೆಲಮಾಳಿಗೆಯನ್ನು ಕಟ್ಟುವ ನಿಯಮ, ಆಯುಧಗಳ ಬಲಾಬಲ, ಸೋಲುಗೆಲವುಗಳ ಲೆಕ್ಕ ಇವು ಮೂಲವನ್ನೇ ಅನುಸರಿಸುತ್ತವೆ. ಗರಿಯಿಂದ ಅಚ್ಚಿಗೆ ಬಂದ ಕಾವ್ಯವು ವಾಚನದ ರೀತಿಯನ್ನು ಬದಲಿಸಿತೇ ಹೊರತು ಬೇರೆ ಕಾವ್ಯವಾಗಲಿಲ್ಲ.

ಚಿತ್ರ ಮತ್ತು ಧ್ವನಿಗಳು ಈ ಪುನಾರಚನೆಯಲ್ಲಿ ಸೇರಿಲ್ಲ. ಪೂರ್ಣ ಆಟಕ್ಕೆ ಆಡುವವನು ತನ್ನ ಮೂಲ ಪ್ರತಿಯಿಂದಲೇ ಅವುಗಳನ್ನು ಒದಗಿಸಬೇಕು. ಒಡೆತನದ ಹಕ್ಕಿಗೂ ಉಳಿವಿನ ಅಗತ್ಯಕ್ಕೂ ನಡುವೆ ಕಂಡುಕೊಂಡ ದಾರಿ ಇದು. ಆದರೂ ಆ ಕಡತವು ಅಳಿಸಿಹೋಗಿದ್ದಲ್ಲಿ ಈ ಕಾರ್ಯವು ಎಷ್ಟು ಕಠಿನವಾಗುತ್ತಿದ್ದಿತೆಂಬುದನ್ನು ನೆನೆಯಬೇಕು. ಕೃತಿಯ ಉಳಿವು ಒಬ್ಬರ ಮರೆವಿಗೆ ಋಣಿಯಾಗಿರುವುದು ಕ್ಷೇಮವಲ್ಲ. ಪುಸ್ತಕಗಳನ್ನು ಕಾಪಾಡುವ ಭಂಡಾರಗಳು ಇಂಥ ಮೂಲಪಾಠಗಳನ್ನೂ ಪಡೆದು ಕಾಪಾಡುವುದು ಅವಶ್ಯವೆಂದು ನಮ್ಮ ಅಭಿಪ್ರಾಯ.